ಬಾಯಾರಿದ ಹೊಲದ ಚಟಪಟ

ಅಕ್ಕನ ಮನೆ ಇರುವುದು ಕಳಸದ ಹತ್ತಿರ. ಹಿತ್ತಲಲ್ಲಿ ಹಲಸಿನ ಮರ, ಅದರಾಚೆ ಅಡಕೆ ತೋಟ, ತೋಟ ಮುಗಿದಲ್ಲಿಂದ ಕುದುರೆಮುಖದ ಕಾಡು. ಕತ್ತಲಾದರೆ ಆ ಹಲಸಿನ ಮರದ ನೆತ್ತಿಯಿಂದ ಯಾರೋ ಸಿಳ್ಳೆ ಹಾಕಿದಂಥ ಸ್ವರ ಬರುತ್ತದೆ. ಯಾವುದೋ ಇರುಳು ಹಕ್ಕಿ ಎಂದು ನಾನು ಎಷ್ಟೋ ವರ್ಷ ನಂಬಿಕೊಂಡಿದ್ದೆ.

ಕಳೆದ ರಜೆಯಲ್ಲಿ ಹೋದಾಗ ಅಕ್ಕನ ಮಗಳು ಡ್ರಾಯಿಂಗ್ ಪುಸ್ತಕ ಹಿಡಿದು ಜಗಲಿಗೆ ಬಂದಳು. ನಾಲ್ಕನೇ ತರಗತಿಯ ಹುಡುಗಿ. ಲೋಕದಲ್ಲಿ ಎಲ್ಲೂ ಇಲ್ಲದ ಗಿಡ, ಎಲ್ಲೂ ಇಲ್ಲದ ಪ್ರಾಣಿಗಳ ಚಿತ್ರ ಬರೆಯಬೇಕಂತೆ. ಅವೆಲ್ಲ ಸದ್ದಿನಿಂದಲೇ ಬದುಕಬೇಕು ಎಂಬುದೊಂದು ಷರತ್ತು. ನಾಲ್ಕು ಚಿತ್ರ ಮುಗಿಸಿದ್ದಳು. ನೀರು ಹಾಕದಿದ್ದರೆ ಅಳುವ ಗಿಡ. ಜೇನ್ನೊಣ ಬರುವುದನ್ನು ಕಿವಿಗೊಟ್ಟು ಕೇಳುವ ಹೂವು. ಸದ್ದು ಮಾಡಿಯೇ ಬೇಟೆಯಾಡುವ ಒಂದು ನೀರಿನ ಜೀವಿ. ಕೊನೆಯದು, ಕಳಸದಲ್ಲಿ ಕೂಗಿದರೆ ಮಂಗಳೂರಿನ ಅಜ್ಜಿಗೆ ಕೇಳಿಸುವಷ್ಟು ದೊಡ್ಡ ಪ್ರಾಣಿ.

"ಇವೆಲ್ಲ ಸುಳ್ಳೇ ಅಲ್ವಾ ಮಾವಾ?" ಎಂದಳು.

"ಒಂದೂ ಸುಳ್ಳಲ್ಲ ಪುಟ್ಟೀ" ಎಂದೆ. ಅವಳ ಮುಖ ಬಾಡಿತು. ಇಲ್ಲದ್ದನ್ನು ಬರೆದುಕೊಂಡು ಬಾ ಎಂದರೆ ಇರುವುದನ್ನೇ ಬರೆದಿದ್ದಳು. ಆ ಸಂಜೆ ಅವಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಒಂದೊಂದೇ ಲೆಕ್ಕ ಹೇಳತೊಡಗಿದೆ. ಹೇಳುತ್ತ ಹೋದಂತೆ ಬೆರಗಾದದ್ದು ಅವಳಿಗಿಂತ ಹೆಚ್ಚು ನನಗೇ.

ಮೊದಲು ನಮ್ಮ ಕಿವಿಯ ಲೆಕ್ಕ. ಗಾಳಿ ಸೆಕೆಂಡಿಗೆ 20 ಸಲಕ್ಕಿಂತ ನಿಧಾನವಾಗಿ ಕಂಪಿಸಿದರೆ ನಮಗೆ ಕೇಳುವುದಿಲ್ಲ. 20,000 ಸಲಕ್ಕಿಂತ ಬೇಗ ಕಂಪಿಸಿದರೂ ಕೇಳುವುದಿಲ್ಲ. ವಯಸ್ಸಾದಂತೆ ಆ ಮೇಲಿನ ಗಡಿ ಕೆಳಗಿಳಿಯುತ್ತ ಬರುತ್ತದೆ, ಅಂದರೆ ಅವಳಿಗೆ ಕೇಳುವ ಎಷ್ಟೋ ಸಣ್ಣ ಸ್ವರ ನನಗೆ ಈಗಾಗಲೇ ಕಳೆದುಹೋಗಿದೆ. ಮಗುವಾಗಲಿ, ಕವಿಯಾಗಲಿ, ಸದ್ದನ್ನು ಕಲ್ಪಿಸಿಕೊಳ್ಳುವುದು ಈ ಎರಡು ಗಡಿಗಳ ನಡುವೆಯೇ. ನಿಜವಾದ ಜೀವಿಗಳಿಗೆ ಈ ಗಡಿಗಳ ಹಂಗಿಲ್ಲ.

ಅಳುವ ಗಿಡವನ್ನೇ ತೆಗೆದುಕೊಳ್ಳಿ. ಟೆಲ್ ಅವೀವ್ ವಿಶ್ವವಿದ್ಯಾಲಯದ ಲಿಲಾಚ್ ಹದಾನಿ ಮತ್ತು ಸಂಗಡಿಗರು 2023ರಲ್ಲಿ ಒಂದು ಅಧ್ಯಯನ ಪ್ರಕಟಿಸಿದರು. ಅವರು ಆರಿಸಿಕೊಂಡದ್ದು ಟೊಮೇಟೊ ಮತ್ತು ತಂಬಾಕಿನ ಗಿಡ. ಹೊರಗಿನ ಸದ್ದು ನುಸುಳದ ಪೆಟ್ಟಿಗೆಯಲ್ಲಿ ಗಿಡವನ್ನಿಟ್ಟು, ಅರ್ಧ ಗೇಣು ದೂರದಲ್ಲಿ ಸೂಕ್ಷ್ಮ ಮೈಕ್ ಇಟ್ಟು ಕಾದರು. ನೀರುಂಡು ಸುಖವಾಗಿದ್ದ ಗಿಡದಿಂದ ಗಂಟೆಗೆ ಒಂದು ಸದ್ದೂ ಬರಲಿಲ್ಲ. ನೀರು ನಿಲ್ಲಿಸಿದ ಅಥವಾ ಕಾಂಡ ಕತ್ತರಿಸಿದ ಗಿಡದಿಂದ ಗಂಟೆಗೆ 30ರಿಂದ 50 ಸಿಡಿತ! ಎಲೆ ಬಾಡುವ ಮೊದಲೇ ಅದು ಶುರುವಾಗುತ್ತದೆ, ಐದನೇ ದಿನದ ಹೊತ್ತಿಗೆ ಹೆಚ್ಚುತ್ತ ಹೋಗಿ, ಗಿಡ ಪೂರ್ತಿ ಒಣಗಿದ ಮೇಲೆ ಇಳಿಯುತ್ತದೆ. ಸದ್ದು ಸಣ್ಣದೂ ಅಲ್ಲ, ನಾವು ಎದುರುಬದುರು ಕೂತು ಮಾತಾಡುವಷ್ಟೇ ಜೋರು. ಆದರೆ ಅದು ಕಂಪಿಸುವುದು ಸೆಕೆಂಡಿಗೆ 40,000ದಿಂದ 80,000 ಸಲ, ನಮ್ಮ ಕಿವಿಯ ಗಡಿಯಿಂದ ಎಷ್ಟೋ ಮೇಲೆ. ಅದನ್ನು ನಮಗೆ ಕೇಳುವಂತೆ ತಗ್ಗಿಸಿದರೆ ಒಗ್ಗರಣೆಯಲ್ಲಿ ಸಾಸಿವೆ ಚಟಪಟ ಎಂದಂತೆ ಕೇಳುತ್ತದೆ.

ಅಳು ಎಂಬ ಮಾತು ನಮ್ಮದು. ಗಿಡ ಬೇಕೆಂದೇ ಕೂಗುತ್ತದೆ ಎಂದು ಆ ವಿಜ್ಞಾನಿಗಳೂ ಹೇಳಿಲ್ಲ. ಬೇರಿನಿಂದ ತುದಿಯೆಲೆಗೆ ನೀರೆಳೆಯುವ ನಾಳಗಳು ಕೂದಲೆಳೆಯಷ್ಟು ಸಪೂರ. ಮಣ್ಣು ಒಣಗಿದಾಗ ಆ ನೀರಿನ ಎಳೆ ಬಿಗಿದು ಬಿಗಿದು ನಡುವೆ ಗಾಳಿಗುಳ್ಳೆ ಏಳುತ್ತದೆ, ಗುಳ್ಳೆ ಒಡೆಯುತ್ತದೆ. ಆ ಒಡೆತವೇ ಸದ್ದು ಎಂಬುದು ಅವರ ವಿವರಣೆ. ಆದರೂ ನನ್ನ ನಿದ್ದೆಗೆಡಿಸಿದ್ದು ಒಂದು ಕೈಲೆಕ್ಕ. ಒಂದು ಎಕರೆಯಲ್ಲಿ 5,000 ಟೊಮೇಟೊ ಗಿಡ ಇವೆ ಎಂದಿಟ್ಟುಕೊಳ್ಳಿ. ಬೋರ್‌ವೆಲ್ ಕೈಕೊಟ್ಟು ನಾಲ್ಕು ದಿನವಾಗಿದೆ. ಗಿಡಕ್ಕೆ ಗಂಟೆಗೆ 30ರಂತೆ ಹಿಡಿದರೂ ಗಂಟೆಗೆ 1,50,000 ಸಿಡಿತ, ಸೆಕೆಂಡಿಗೆ 40ಕ್ಕೂ ಹೆಚ್ಚು. ಪೆಟ್ಟಿಗೆಯೊಳಗಿನ ಗಿಡದ ಲೆಕ್ಕ ಬಯಲಿನ ಗಿಡಕ್ಕೆ ಹಾಗೇ ಹೊಂದಬೇಕೆಂದಿಲ್ಲ, ಅದು ನನಗೂ ಗೊತ್ತು. ಆದರೂ ಕೋಲಾರದ ಕಡೆ ಬೇಸಿಗೆಯಲ್ಲಿ ಟೊಮೇಟೊ ಹೊಲದ ಬದುವಿನ ಮೇಲೆ ನಿಂತು ತಲೆಯ ಮೇಲೆ ಕೈಹೊತ್ತ ರೈತನ ಸುತ್ತ, ಅವನಿಗೆ ಒಂದಿಷ್ಟೂ ಕೇಳದಂತೆ, ಇಡೀ ಎಕರೆ ಚಟಪಟಗುಟ್ಟುತ್ತಿರುತ್ತದೆ ಎಂಬ ಚಿತ್ರ ನನ್ನ ಕಣ್ಣಿಂದ ಹೋಗುತ್ತಿಲ್ಲ.

ರೈತನಿಗೆ ಕೇಳದಿದ್ದರೂ ಪತಂಗಕ್ಕೆ ಕೇಳುತ್ತದೆ. ನಮ್ಮ ರೈತರು ಹೆಸರು ಹಿಡಿದು ಬಯ್ಯುವ ಸ್ಪೊಡೊಪ್ಟೆರಾ ಕುಲದ ಪತಂಗವೊಂದನ್ನು ಅದೇ ವಿಶ್ವವಿದ್ಯಾಲಯದವರು ಪರೀಕ್ಷಿಸಿ 2025ರಲ್ಲಿ ವರದಿ ಮಾಡಿದರು. ಮೊಟ್ಟೆಯಿಡಲು ಬಂದ ಹೆಣ್ಣಿನ ಮುಂದೆ ಎರಡು ಟೊಮೇಟೊ ಗಿಡ. ಒಂದರ ಪಕ್ಕ ಬಾಯಾರಿದ ಗಿಡದ ಸಿಡಿತದ ಧ್ವನಿಮುದ್ರಣ, ಇನ್ನೊಂದು ಸುಮ್ಮನಿರುವುದು. ಪತಂಗ ಹೆಚ್ಚಾಗಿ ಆರಿಸಿಕೊಂಡದ್ದು ಸುಮ್ಮನಿದ್ದ ಗಿಡವನ್ನು. ತನ್ನ ಮರಿಹುಳುಗಳಿಗೆ ರಸವಿರುವ ಎಲೆ ಬೇಕಲ್ಲ!

ಗಿಡಕ್ಕೂ ಹುಳುವಿನ ಸದ್ದು ತಿಳಿಯುತ್ತದೆ. ಸಾಸಿವೆಯ ಬಳಗದ ಒಂದು ಪುಟ್ಟ ಗಿಡದ ಮೇಲೆ ಅಮೆರಿಕದ ಮಿಸೌರಿ ವಿಶ್ವವಿದ್ಯಾಲಯದಲ್ಲಿ ನಡೆದ ಪ್ರಯೋಗದ ಫಲಿತಾಂಶ 2014ರಲ್ಲಿ ಹೊರಬಂತು. ಕಂಬಳಿಹುಳು ಎಲೆ ಮೆಲ್ಲುವಾಗ ಎಲೆ ಅಲುಗುವುದು ಒಂದು ಮಿಲಿಮೀಟರಿನ ಸುಮಾರು 400ನೇ ಒಂದು ಭಾಗದಷ್ಟು. ಹುಳುವೇ ಇಲ್ಲದೆ, ಬರೀ ಆ ಅಲುಗಾಟವನ್ನು ಯಂತ್ರದಿಂದ ಎಲೆಗೆ ಉಣಿಸಿದರು. ಮುಂದೆ ನಿಜವಾದ ಹುಳು ಬಂದಾಗ, ಆ ಗಿಡ ಬೇರೆ ಗಿಡಗಳಿಗಿಂತ ಹೆಚ್ಚು ಖಾರದ ಎಣ್ಣೆ ತುಂಬಿಕೊಂಡಿತ್ತು. ಗಾಳಿಯ ಅಲುಗಾಟಕ್ಕೆ, ಬೇರೆ ಕೀಟದ ಹಾಡಿಗೆ ಅದು ಹಾಗೆ ಮಾಡಲಿಲ್ಲ. ಹಲ್ಲಿನ ಸದ್ದು ಯಾವುದು, ಗಾಳಿಯ ಸದ್ದು ಯಾವುದು ಎಂಬ ಭೇದ ಅದಕ್ಕೆ ತಿಳಿದಿತ್ತು.

ಕಿವಿಯಿರುವ ಹೂವಿನ ಕತೆ ಚಿಕ್ಕದು. ಕಡಲ ದಂಡೆಯ ಮರಳಿನಲ್ಲಿ ಬೆಳೆಯುವ, ಸಂಜೆ ಅರಳುವ ಒಂದು ಹಳದಿ ಹೂವಿಗೆ ಜೇನ್ನೊಣ ಹಾರುವ ಸದ್ದು ಕೇಳಿಸಿದರೆ 3 ನಿಮಿಷದೊಳಗೆ ಅದರ ಮಕರಂದ ಸಿಹಿಯಾಗುತ್ತದೆ. ಗಾಜಿನ ಜಾಡಿ ಮುಚ್ಚಿ ಪಕಳೆಗೆ ಸದ್ದು ತಾಗದಂತೆ ಮಾಡಿದರೆ ಸಿಹಿ ಏರುವುದಿಲ್ಲ. ಪಕಳೆಯೇ ಕಿವಿ! ಇನ್ನು ಟೊಮೇಟೊ, ಬದನೆಯಂಥ ಹೂವುಗಳು ತಮ್ಮ ಪರಾಗವನ್ನು ಉಪ್ಪಿನ ಡಬ್ಬಿಯಂಥ ಸಣ್ಣ ತೂತಿನ ಕೋಶದಲ್ಲಿ ಬಚ್ಚಿಟ್ಟಿರುತ್ತವೆ. ಗುಂಯ್ಗುಟ್ಟಿ ನಡುಗಿಸುವ ದುಂಬಿ ಬಂದರೆ ಪರಾಗ ಸಲೀಸಾಗಿ ಉದುರುತ್ತದೆ. ಇಂಥ ಹೂವಿನ ಗಿಡಗಳು ಸುಮಾರು 20,000 ಜಾತಿ. ಆಸ್ಟ್ರೇಲಿಯದ ನೀಲಿಪಟ್ಟೆಯ ದುಂಬಿಯೊಂದು ಟೊಮೇಟೊ ಹೂವಿಗೆ ಸೆಕೆಂಡಿಗೆ 350 ಸಲ ತಲೆ ಬಡಿದು ಪರಾಗ ಉದುರಿಸಿಕೊಳ್ಳುತ್ತದೆ. ನಾವು ಹುಳಿಗೆ ಹೆಚ್ಚುವ ಬದನೆಯ ಹಿಂದೆಯೂ ಹೀಗೆ ನಡುಗಿದ ಒಂದು ಹೂವು ಇದ್ದಿರಬಹುದು ಎಂದಾಗ ಹುಡುಗಿ ಅಡಿಗೆಮನೆಯ ಕಡೆ ತಿರುಗಿ ನೋಡಿದಳು.

ಪ್ರತಿಧ್ವನಿ ಕೇಳಿ ದಾರಿ ಹುಡುಕುವ ಬಾವಲಿಗೂ ಒಂದು ಗಿಡ ಕಾದಿದೆ. ಕ್ಯೂಬಾದ ಕಾಡಿನ ಬಳ್ಳಿಯೊಂದು ಹೂಗೊಂಚಲ ಮೇಲೆ ಡಿಶ್ ಆಂಟೆನಾದಂಥ ಎಲೆ ಹೊತ್ತಿದೆ, ಬಾವಲಿಯ ಕೂಗು ಅದಕ್ಕೆ ಬಡಿದು ಸ್ಪಷ್ಟವಾಗಿ ಮರಳುತ್ತದೆ. ಆ ಎಲೆ ಇದ್ದರೆ ಬಾವಲಿಗೆ ಹೂವು ಹುಡುಕಲು ಬೇಕಾದ ಹೊತ್ತು ಅರ್ಧಕ್ಕೆ ಇಳಿಯುತ್ತದೆ.

ಸದ್ದಿನಿಂದಲೇ ಬೇಟೆಯಾಡುವ ಜೀವಿಯನ್ನು ಅವಳು ಹಡಗಿನಷ್ಟು ದೊಡ್ಡದಾಗಿ ಬರೆದಿದ್ದಳು. ನಿಜವಾದದ್ದು ಕಿರುಬೆರಳಿನಷ್ಟು ಉದ್ದ. ಬೆಚ್ಚಗಿನ ಕಡಲುಗಳಲ್ಲಿರುವ ಪಿಸ್ತೂಲು ಸೀಗಡಿಗೆ ಒಂದು ಕೊಂಡಿ ಸಣ್ಣದು, ಇನ್ನೊಂದು ಮೈಗೆ ಮೀರಿದ ಗಾತ್ರದ್ದು. ಆ ದೊಡ್ಡ ಕೊಂಡಿ ಮುಚ್ಚುವ ರಭಸಕ್ಕೆ ನೀರು ಸೆಕೆಂಡಿಗೆ 25 ಮೀಟರ್ ವೇಗದಲ್ಲಿ ಚಿಮ್ಮುತ್ತದೆ, ಗಂಟೆಗೆ 90 ಕಿಲೋಮೀಟರ್. ಹೆದ್ದಾರಿಯ ಬಸ್ಸಿನ ಓಟ ಅದು. ಚಿಮ್ಮಿದ ನೀರಿನ ಬೆನ್ನಿಗೆ ಒಂದು ಗುಳ್ಳೆ ಹುಟ್ಟಿ ಕುಸಿಯುತ್ತದೆ. ಸದ್ದು ಬರುವುದು ಕೊಂಡಿ ಬಡಿದದ್ದಕ್ಕಲ್ಲ, ಗುಳ್ಳೆ ಕುಸಿದದ್ದಕ್ಕೆ ಎಂದು 2000ದಲ್ಲಿ ಅತಿವೇಗದ ಕ್ಯಾಮೆರಾ ಇಟ್ಟು ನೋಡಿದಾಗಲೇ ತಿಳಿದದ್ದು. ಮರುವರ್ಷ ಇನ್ನೂ ಒಂದು ಗೊತ್ತಾಯಿತು. ಕುಸಿಯುವ ಕ್ಷಣದಲ್ಲಿ ಗುಳ್ಳೆಯೊಳಗೆ ಒಂದು ಮಿಂಚು ಹೊಳೆಯುತ್ತದೆ, ಕಣ್ಣಿಗೆ ಕಾಣದಷ್ಟು ಮಂದ, ಸೆಕೆಂಡಿನ ಹತ್ತು ಕೋಟಿಯ ಒಂದು ಭಾಗಕ್ಕಿಂತ ಹೆಚ್ಚು ಹೊತ್ತು ಉಳಿಯದ್ದು. ಒಳಗಿನ ಬಿಸಿ ಕನಿಷ್ಠ 5,000 ಕೆಲ್ವಿನ್. ಸೂರ್ಯನ ಮೇಲ್ಮೈ 5,800ರ ಹತ್ತಿರ. ಸೂರ್ಯನ ಮೈಬಿಸಿಗೆ ಹತ್ತಿರದ ಒಂದು ಕಿಡಿಯನ್ನು ಕಿರುಬೆರಳುದ್ದದ ಸೀಗಡಿ ದಿನವಿಡೀ ನೀರಿನೊಳಗೆ ಹಚ್ಚಿ ಆರಿಸುತ್ತಿರುತ್ತದೆ. ಎದುರಿಗಿದ್ದ ಪುಟ್ಟ ಮೀನು ಆ ಪೆಟ್ಟಿಗೆ ಮರಗಟ್ಟುತ್ತದೆ, ಕೆಲವೊಮ್ಮೆ ಸಾಯುತ್ತದೆ. ಎರಡನೇ ಮಹಾಯುದ್ಧದಲ್ಲಿ ಜಲಾಂತರ್ಗಾಮಿಗಳ ಸದ್ದಿಗೆ ಕಿವಿಯಿಟ್ಟು ಕೂತ ನೌಕಾಪಡೆಗಳಿಗೆ ಈ ಸೀಗಡಿಗಳ ಗದ್ದಲವೇ ಅಡ್ಡವಾಗಿ, ಅದನ್ನು ಅಳೆಯಲೆಂದೇ ವಿಜ್ಞಾನಿಗಳನ್ನು ಕಡಲಿಗೆ ಇಳಿಸಬೇಕಾಯಿತು.

ಇನ್ನೊಂದಿದೆ, ಮ್ಯಾನ್ಮಾರಿನ ಕೆಸರು ನೀರಿನ ಗಾಜಿನಂಥ ಮೀನು. ಉದ್ದ 12 ಮಿಲಿಮೀಟರ್. ಬೆನ್ನೆಲುಬಿರುವ ಪ್ರಾಣಿಗಳಲ್ಲಿ ನಮಗೆ ತಿಳಿದ ಅತಿ ಚಿಕ್ಕ ಮಿದುಳು ಇದರ ಬಳಗದ್ದು. ಇದರ ಗಂಡು ಮೀನು ತನ್ನ ಮೈಯುದ್ದದಷ್ಟು ದೂರದಲ್ಲಿ 140 ಡೆಸಿಬಲ್ ಸದ್ದು ಮಾಡುತ್ತದೆ ಎಂದು 2024ರಲ್ಲಿ ವರದಿಯಾಯಿತು. ಮೈಯೊಳಗಿನ ಒಂದು ಮೃದ್ವಸ್ಥಿ ಗಾಳಿಚೀಲಕ್ಕೆ ತಮಟೆಯ ಕೋಲಿನಂತೆ ಬಡಿಯುತ್ತದೆ, ಭೂಮಿಯ ಸೆಳೆತದ 2,000 ಪಟ್ಟು ವೇಗೋತ್ಕರ್ಷದಲ್ಲಿ. ಅದು ವಿಮಾನ ಏರುವಷ್ಟು ಸದ್ದು ಎಂದು ಸುದ್ದಿಯಾಯಿತು, ಆ ಹೋಲಿಕೆ ನನಗೆ ಒಪ್ಪಿಗೆಯಿಲ್ಲ. ನೀರಿನ ಡೆಸಿಬಲ್ ಬೇರೆ, ಗಾಳಿಯ ಡೆಸಿಬಲ್ ಬೇರೆ. ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಬೇಕಾದರೆ ನೀರಿನ ಅಂಕಿಯಿಂದ ಸುಮಾರು 62 ಕಳೆಯಬೇಕು. ಉತ್ಪ್ರೇಕ್ಷೆಯೇ ಬೇಡ, ಕಳೆದ ಮೇಲೂ ಉಳಿಯುವುದು ಎರಡು ಅಕ್ಕಿಕಾಳಿನಷ್ಟು ಉದ್ದದ ಮೈಯಿಂದ ಬಂದ ಸದ್ದು.

ಅವಳ ನಾಲ್ಕನೇ ಚಿತ್ರಕ್ಕೆ ಬಂದೆವು. ಕಳಸದಿಂದ ಮಂಗಳೂರಿಗೆ ಕೇಳುವ ಕೂಗು. ಡೆಸಿಬಲ್ ಲೆಕ್ಕದಲ್ಲಿ ಹತ್ತು ಹೆಚ್ಚಿದರೆ ಸದ್ದಿನ ಶಕ್ತಿ ಹತ್ತು ಪಟ್ಟು, ಇಪ್ಪತ್ತು ಹೆಚ್ಚಿದರೆ ನೂರು ಪಟ್ಟು. ಗಂಡು ಸ್ಪರ್ಮ್ ತಿಮಿಂಗಿಲದ ಚಟಕ್ ಎಂಬ ಒಂದೇ ಸದ್ದು ನೀರಿನಲ್ಲಿ 230 ಡೆಸಿಬಲ್‌ಗೂ ಮೇಲೆ. 62 ಕಳೆದರೂ 168 ಉಳಿಯುತ್ತದೆ. ಮೈಯ ಮೂರನೇ ಒಂದು ಪಾಲಿನಷ್ಟು ಇರುವ ಅದರ ತಲೆಯೇ ಈ ಸದ್ದಿನ ಕಹಳೆ. ಕೆರಿಬಿಯನ್ ಕಡಲಿನ ಡೊಮಿನಿಕ ದ್ವೀಪದ ಸುತ್ತ ಈ ತಿಮಿಂಗಿಲಗಳ ನುಡಿಯನ್ನು ವರ್ಷಗಟ್ಟಲೆ ಮುದ್ರಿಸಿಕೊಂಡವರು ಪದಗುಚ್ಛದಂಥ 8,719 ಚಟಕು-ಗೊಂಚಲುಗಳನ್ನು ಬಿಡಿಸಿ ನೋಡಿ 2024ರಲ್ಲಿ ಒಂದು ವಿಷಯ ಹೇಳಿದರು. ಅದರಲ್ಲಿ 18 ಬಗೆಯ ತಾಳ ಇವೆ, 5 ಬಗೆಯ ಕಾಲಪ್ರಮಾಣ ಇವೆ, ಹಾಡುಗಾರರು ಎಳೆದು ಬಿಡುವಂತೆ ಲಯವನ್ನು ತುಸು ಹಿಗ್ಗಿಸುವುದೂ ಕುಗ್ಗಿಸುವುದೂ ಇದೆ, ಕೊನೆಗೊಂದು ಅಲಂಕಾರದ ಹೆಚ್ಚುವರಿ ಚಟಕೂ ಇದೆ. ಇವು ಒಂದಕ್ಕೊಂದು ಕೂಡಿ 156 ರೂಪಗಳಾಗುತ್ತವೆ. ನಮ್ಮ ವ್ಯಂಜನಕ್ಕೆ ಸ್ವರ ಸೇರಿ ಕಾಗುಣಿತ ಬೆಳೆಯುವ ಹಾಗೆಯೇ. ಅರ್ಥ ಇನ್ನೂ ಯಾರಿಗೂ ಒಡೆದಿಲ್ಲ. ಆದರೆ ಕ, ಕಾ, ಕಿ, ಕೀ ಎಂದು ಮಗ್ಗಿಯಂತೆ ಕಲಿತ ನಮಗೆ ಕಡಲಡಿಯಲ್ಲೂ ಒಂದು ಕಾಗುಣಿತ ಇದೆ ಎಂಬುದು ಎಂಥ ಸುದ್ದಿ!

ದೂರದ ಮಾತಿಗೆ ಬಂದರೆ ನೀಲಿ ತಿಮಿಂಗಿಲ, ಅದರ ತಮ್ಮನಂಥ ಫಿನ್ ತಿಮಿಂಗಿಲ. ಇವುಗಳ ಕೂಗಿನ ಬಹುಪಾಲು ನಮ್ಮ ಕಿವಿಯ ಕೆಳಗಡಿಯ ಆಸುಪಾಸಿನಲ್ಲಿರುತ್ತದೆ, ಸೆಕೆಂಡಿಗೆ 20 ಕಂಪನದ ಹತ್ತಿರ. ಅಷ್ಟು ನಿಧಾನದ ಸದ್ದನ್ನು ನೀರು ಬಹಳ ಕಡಿಮೆ ಹೀರುತ್ತದೆ. ಆಳದ ಕಡಲಲ್ಲಿ ಒಂದು ಪದರವಿದೆ, ಸದ್ದು ಅದರೊಳಗೆ ಸಿಕ್ಕಿತೆಂದರೆ ಮೇಲೂ ಚದುರದೆ ಕೆಳಗೂ ಚದುರದೆ ಕಾಲುವೆಯ ನೀರಿನಂತೆ ಹರಿಯುತ್ತದೆ. 1960ರಲ್ಲಿ ಆಸ್ಟ್ರೇಲಿಯದ ಪರ್ತ್ ಬಳಿ ಕಡಲಲ್ಲಿ ಸಿಡಿಸಿದ ಸಿಡಿಮದ್ದಿನ ಸದ್ದು ಭೂಗೋಳದ ಇನ್ನೊಂದು ಮಗ್ಗುಲಲ್ಲಿರುವ ಬರ್ಮುಡಾದಲ್ಲಿ ದಾಖಲಾಯಿತು. ನಡುವಿನ ದಾರಿ 20,000 ಕಿಲೋಮೀಟರಿನ ಹತ್ತಿರ, ಭೂಮಿಯ ಅರ್ಧ ಸುತ್ತು. ಹಿಡಿದ ಹೊತ್ತು ಮೂರೂವರೆ ಗಂಟೆ ಮೀರಿ. ಇಂಥ ಕಡಲಲ್ಲಿ ಹಡಗುಗಳ ಗದ್ದಲ ಹುಟ್ಟುವ ಮೊದಲು ಫಿನ್ ತಿಮಿಂಗಿಲದ ಕೂಗು ಸಾವಿರಾರು ಕಿಲೋಮೀಟರ್ ಸಾಗುತ್ತಿತ್ತು ಎಂದು ರೋಜರ್ ಪೇನ್ ಮತ್ತು ಡಗ್ಲಸ್ ವೆಬ್ 1971ರಲ್ಲೇ ಲೆಕ್ಕ ಹಾಕಿ ತೋರಿಸಿದ್ದರು. ನಮಗೆ ಹತ್ತಿರದ ಲಕ್ಷದ್ವೀಪದ ಕವರತ್ತಿಯ ಕಡಲಲ್ಲೂ ನೀಲಿ ತಿಮಿಂಗಿಲದ ಹಾಡು ಮುದ್ರಣಗೊಂಡು, 2021ರಲ್ಲಿ ಅದರ ವರದಿ ಬಂದಿದೆ. ಕವರತ್ತಿಯಿಂದ ಮಂಗಳೂರಿಗೆ ನೇರ ಗೆರೆ ಎಳೆದರೆ ಸುಮಾರು 350 ಕಿಲೋಮೀಟರ್. ನೀರಿನಲ್ಲಿ ಸದ್ದು ಸೆಕೆಂಡಿಗೆ ಒಂದೂವರೆ ಕಿಲೋಮೀಟರ್ ಓಡುತ್ತದೆ. ಆ ದೂರಕ್ಕೆ ಸಾಕಾಗುವುದು ನಾಲ್ಕೇ ನಿಮಿಷ.

"ಅಜ್ಜಿ ಫೋನ್ ಎತ್ತೋದಕ್ಕೇ ಅಷ್ಟು ಹೊತ್ತು ಬೇಕು" ಎಂದಳು ಹುಡುಗಿ.

ನೆಲದ ಮೇಲಿನ ದೊಡ್ಡ ಕೂಗು ಆನೆಯದು. ರೋಜರ್ ಪೇನ್ ಅವರ ಜೊತೆ ತಿಮಿಂಗಿಲದ ಹಾಡು ಬಿಡಿಸುತ್ತಿದ್ದ ಕೇಟಿ ಪೇನ್ 1984ರಲ್ಲಿ ಅಮೆರಿಕದ ಪೋರ್ಟ್‌ಲೆಂಡ್ ಮೃಗಾಲಯದಲ್ಲಿ ಏಷ್ಯಾದ ಆನೆಗಳ ಹತ್ತಿರ ಕೂತಿದ್ದಾಗ, ಸದ್ದಿಲ್ಲದೆ ಗಾಳಿ ಮಿಡಿದಂತೆ ಮೈಗೆ ಅನ್ನಿಸಿತು. ಚಿಕ್ಕಂದಿನಲ್ಲಿ ಚರ್ಚಿನ ದೊಡ್ಡ ಆರ್ಗನ್ ಕೊಳವೆಯ ಪಕ್ಕ ನಿಂತಾಗಿನ ಅನುಭವ ನೆನಪಾಯಿತು. ಮುದ್ರಿಸಿಕೊಂಡು ವೇಗ ಹೆಚ್ಚಿಸಿ ಕೇಳಿದರೆ ಆನೆಗಳು ಮಾತಾಡುತ್ತಿದ್ದವು, ಸೆಕೆಂಡಿಗೆ 14ರಿಂದ 24 ಕಂಪನದಲ್ಲಿ. ಕಾಡಿನ ಆನೆಯನ್ನೂ ದೇವಸ್ಥಾನದ ಆನೆಯನ್ನೂ ಸಾವಿರಾರು ವರ್ಷ ಪಕ್ಕದಲ್ಲಿಟ್ಟುಕೊಂಡು ಬದುಕಿದ ನಮ್ಮ ಕಿವಿಗೆ ಅದರ ಮಾತಿನ ಅರ್ಧ ಬಿದ್ದೇ ಇರಲಿಲ್ಲ! ಆಫ್ರಿಕದ ಹುಲ್ಲುಗಾವಲಿನಲ್ಲಿ ಮಧ್ಯಾಹ್ನ ಒಂದು ಕೂಗು ಹರಡುವ ಜಾಗ ಸುಮಾರು 30 ಚದರ ಕಿಲೋಮೀಟರ್ ಇದ್ದರೆ, ಅದೇ ದಿನ ನೆಲ ತಣಿದ ಸಂಜೆ ಅದು 300ರವರೆಗೆ ಬೆಳೆಯಬಲ್ಲದು ಎಂಬ ಅಂದಾಜಿದೆ. ಇಡೀ ನಾಗರಹೊಳೆ ರಾಷ್ಟ್ರೀಯ ಉದ್ಯಾನದ ಅರ್ಧದ ಹತ್ತಿರ ಬಂತು. ಕೆನ್ಯಾದ ಆನೆಗಳ 469 ಕೂಗುಗಳನ್ನು ಹೋಲಿಸಿ ನೋಡಿದವರು 2024ರಲ್ಲಿ, ಆನೆಗಳು ಒಂದನ್ನೊಂದು ಹೆಸರಿನಂಥ ಬೇರೆಬೇರೆ ಕರೆಯಿಂದ ಕೂಗುತ್ತವೆ ಎಂದರು.

ಕತ್ತಲು ಕವಿಯಿತು. ಅಡಕೆ ಮರಗಳ ನಡುವೆ ಬಾವಲಿಗಳು ಸುಳಿಯತೊಡಗಿದವು. ಕೆಲವು ಬಾವಲಿಗಳ ಕೂಗು ಸೆಕೆಂಡಿಗೆ 2,12,000 ಕಂಪನದವರೆಗೂ ಏರುತ್ತದೆ. ಜೇನು ಸಾಕುವವರ ಪೆಟ್ಟಿಗೆ ಹಾಳುಗೆಡಹುವ ಮೇಣದ ಹುಳುವಿನ ಪತಂಗಕ್ಕೆ 3,00,000ದವರೆಗೆ ಕೇಳುತ್ತದೆ ಎಂದು 2013ರಲ್ಲಿ ಸ್ಕಾಟ್ಲೆಂಡಿನ ಸ್ಟ್ರಾತ್‌ಕ್ಲೈಡ್ ವಿಶ್ವವಿದ್ಯಾಲಯದವರು ತೋರಿಸಿದರು. ನಮ್ಮ ಮೇಲ್ಗಡಿಯ 15 ಪಟ್ಟು. ಅಮೆರಿಕದ ಇನ್ನೊಂದು ಪತಂಗ ಬಾವಲಿ ಮೇಲೆ ಬೀಳುವ ಹೊತ್ತಿಗೆ ಸೆಕೆಂಡಿಗೆ 4,500 ಚಟಕು ಎರಚಿ ಅದರ ಪ್ರತಿಧ್ವನಿಯ ಲೆಕ್ಕವನ್ನೇ ಕಲಸಿಬಿಡುತ್ತದೆ. ಇಷ್ಟೆಲ್ಲ ಲಕ್ಷಗಳ ನಡುವೆ ನನ್ನ ಎದೆಗೆ ನಾಟಿದ ಅಂಕಿ ಮಾತ್ರ ಬಹಳ ಚಿಕ್ಕದು. ಕೋಲಾರದ ಎಲೆಮೂಗಿನ ಬಾವಲಿ ಈ ಭೂಮಿಯ ಮೇಲೆ ಉಳಿದಿರುವುದು ಹನುಮನಹಳ್ಳಿಯ ಒಂದೇ ಗುಹೆಯಲ್ಲಿ, ಕೆಲವೇ ನೂರು. ಸುತ್ತಲಿನ ಗ್ರಾನೈಟ್ ಗಣಿಗಾರಿಕೆ ಅದನ್ನು ಅಲ್ಲಿಯವರೆಗೆ ಒತ್ತಿಕೊಂಡು ಬಂದಿದೆ. ಟೊಮೇಟೊ ಹೊಲಗಳ ಅದೇ ಜಿಲ್ಲೆ. ಆ ಕೆಲವೇ ಗಂಟಲು ನಿಂತರೆ ಆ ಕೂಗು ಬೇರೆ ಯಾವ ಗಂಟಲಿನಿಂದಲೂ ಬರುವುದಿಲ್ಲ.

ಹಲಸಿನ ಮರದ ನೆತ್ತಿಯಿಂದ ಸಿಳ್ಳೆ ಶುರುವಾಯಿತು.

"ಅದು ಯಾವ ಹಕ್ಕಿ ಮಾವಾ?"

ಹಕ್ಕಿಯಲ್ಲ, ಎಲೆಯಂತೆಯೇ ಕಾಣುವ ಮಿಡತೆ. ಕುದುರೆಮುಖದ ಕಾಡಿನಲ್ಲಿ ಇದರ ಬೆನ್ನು ಹತ್ತಿದವರು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ರೋಹಿಣಿ ಬಾಲಕೃಷ್ಣನ್ ಮತ್ತು ಅವರ ವಿದ್ಯಾರ್ಥಿಗಳು. ಸೆಕೆಂಡಿಗೆ 3,200 ಕಂಪನದ ಸ್ವಚ್ಛ ಸ್ವರ, ಇದರ ಬಳಗಕ್ಕೆ ಅಪರೂಪವಾಗಿ ತಗ್ಗಿದ್ದು. ಹಾಡುವುದು ಗಂಡು. ಹೆಣ್ಣು ಹಾಡುವುದಿಲ್ಲ, ಗಂಡಿನ ಒಂದೊಂದು ಸ್ವರ ಮುಗಿದ ಕೂಡಲೇ ಕೂತಲ್ಲೇ ಮೈ ನಡುಗಿಸುತ್ತದೆ. ಆ ನಡುಕ ಕೊಂಬೆಯ ಗುಂಟ ಹರಿದು ಗಂಡಿನ ಕಾಲಿಗೆ ಮುಟ್ಟುತ್ತದೆ, ಗಂಡು ಅದರ ಜಾಡು ಹಿಡಿದು ಹೊರಡುತ್ತದೆ. ಹೀಗೆ ಕಾಂಡ, ಎಲೆ, ನೆಲದ ಮೂಲಕ ನಡುಕದಲ್ಲಿ ಮಾತಾಡುವ ಕೀಟಗಳು ಸುಮಾರು 1,95,000 ಜಾತಿ ಎಂಬ ಅಂದಾಜಿದೆ. ಭತ್ತದ ಗದ್ದೆಗೆ ಬೀಳುವ ಕಂದು ಜಿಗಿಹುಳು ಸಂಗಾತಿಯನ್ನು ಕರೆಯುವುದೂ ಪೈರಿನ ದಂಟಿನ ಮೂಲಕವೇ.

ಅವಳು ಚಪ್ಪಲಿಯನ್ನೂ ಮೆಟ್ಟದೆ ಹಿತ್ತಲಿಗಿಳಿದಳು. ಟಾರ್ಚು ಹಿಡಿದು ಹಿಂದೆ ಹೋದೆ. ಹಲಸಿನ ಕಾಂಡಕ್ಕೆ ಎರಡೂ ಅಂಗೈ ಒತ್ತಿ, ಕೆನ್ನೆ ತಾಗಿಸಿ ನಿಂತಿದ್ದಳು. ಮೇಲೆ ಸಿಳ್ಳೆ ಬಂತು, ನಿಂತಿತು, ಮತ್ತೆ ಬಂತು.

"ಏನಾದರೂ ಗೊತ್ತಾಗ್ತಿದೆಯಾ?" ಎಂದೆ.

"ಶ್, ಮಾವಾ. ಈಗ ಅವಳ ಸರದಿ" ಎಂದಳು.